ಕೋಟೆ ಸಾಗಿಸಿದ ಮಧ್ಯಾಹ್ನ

ಸುಲಿದ ತಾಳೆಹಣ್ಣಿನ ತಾಡ್‌ಗೋಳೆಯ ಹಾಗೆ ಜಾರುತ್ತದೆ ಈ ಹೊಸ ಫೋನು, ತಣ್ಣಗೆ ಅಂಗೈಗೆ ತಾಗಿದ್ದೇ ನುಣುಚಿಕೊಳ್ಳಲು ನೋಡುತ್ತದೆ, ಅದಕ್ಕೇ ಊಟದ ಮೇಜಿನ ಮೇಲೆ ಟವೆಲು ಹಾಸಿ ಮಲಗಿಸಿದ್ದೇನೆ, ಪಕ್ಕದಲ್ಲಿ ಹಳೆಯದು, ಡೋಂಬಿವಲಿ ಸ್ಟೇಷನ್ನಿನ ಬ್ರಿಜ್ಜಿನ ಮೇಲೆ ಯಾರದೋ ಚೀಲ ತಾಗಿ ಬಿದ್ದು ಗಾಜು ಬಿರುಕು ಬಿಟ್ಟದ್ದು, ಬಿರುಕು ಇದ್ದರೆ ಇರಲಿ, ನನ್ನ ಮುಖದಲ್ಲೂ ಗೆರೆಗಳಿಲ್ಲವೇ, ಆದರೆ ಬಲಗಡೆ ಎರಡು ಬೆರಳಗಲ ಜಾಗ ಸತ್ತೇ ಹೋಗಿದೆ, ಎಷ್ಟು ಒತ್ತಿದರೂ ಅದಕ್ಕೆ ಗೊತ್ತಾಗುವುದಿಲ್ಲ — ಮತ್ತು ನನ್ನ ಕೋಟೆ ಇರುವುದು ಅದರೊಳಗೆ. ಐರೋಲಿಯ ಆಫೀಸಿನಲ್ಲಿ ಪ್ರಮೋಷನ್ ಆದ ಖುಷಿಗೆ ಪೂಜಿತಾ ತಂದುಕೊಟ್ಟ ಐಫೋನು ಇದು, ಅಮ್ಮ, ಇದರಲ್ಲಿ ಫೋಟೋ ನೋಡು ಹೇಗೆ ಬರ್ತದೆ ಅಂದಳು, ನಾನು ಕೇಳಿದ್ದು ಒಂದೇ, ನನ್ನ ಗೇಮು ಇದರೊಳಗೆ ಬರ್ತದಾ, ಮಗಳು ನಕ್ಕಳು, ಇವತ್ತು ಬೆಳಿಗ್ಗೆ ಬಾಗಿಲಲ್ಲಿ ನಿಂತು ಚಪ್ಪಲಿ ಮೆಟ್ಟುತ್ತ ಮತ್ತೆ ಹೇಳಿದಳು, ನಹೀ ಹೋಗಾ ಅಮ್ಮ, ವೋ ಆಂಡ್ರಾಯ್ಡ್ ಹೈ, ಯೇ ಆಪಲ್ ಹೈ, ದೋನೋಂ ಅಲಗ್ ದುನಿಯಾ, ಎರಡೂ ಬೇರೆ ಬೇರೆ ಲೋಕ, ಹೊಸದಾಗಿ ಶುರು ಮಾಡು ನಾ, ಗೇಮೇ ಅಲ್ವಾ. ಗೇಮೇ ಅಲ್ವಾ. ಕೆಳಗೆ ಭಂಗಾರದವನು, ಗುಜರಿಯವನು, ಕೂಗಿಕೊಂಡು ಹೋಗುತ್ತಿದ್ದಾನೆ, ಹಳೆಯ ಪೇಪರು, ಹಳೆಯ ಫ್ಯಾನು, ಕೂಗಲಿ, ಇಲ್ಲಿಂದ ಅವನಿಗೆ ಸಿಗುವಂಥದ್ದು ಇವತ್ತು ಏನೂ ಇಲ್ಲ.

ಹೊಸದಾಗಿ ಶುರು ಮಾಡುವುದು ನನಗೆ ಗೊತ್ತಿಲ್ಲವೇ, ಮದುವೆಯಾಗಿ ಬಂದ ಮೇಲೆ ಮಾಡಿದ್ದೇ ಅದು, ಹನ್ನೊಂದು ತಿಂಗಳ ಅಗ್ರಿಮೆಂಟು, ಹನ್ನೊಂದು ತಿಂಗಳ ಸಂಸಾರ, ಕಲ್ಯಾಣದ ಚಾಳಿನ ವಠಾರದಲ್ಲಿ ಗೋಡೆಗೆ ಸುಣ್ಣ ಬಳಿಸಿ, ಮೊಳೆ ಹೊಡೆದು, ಎಲ್ಲಿ ಉಪ್ಪು ಎಲ್ಲಿ ಮೆಣಸು ಎಂದು ಕೈಗೆ ಅಭ್ಯಾಸವಾಗುವ ಹೊತ್ತಿಗೆ ಮಾಲಕ ಬಾಗಿಲಿಗೆ ಬರುತ್ತಿದ್ದ, ವಹಿನೀ, ಅಗ್ರಿಮೆಂಟ್ ಸಂಪಲಾ, ಖೋಲಿ ಪಾಹಿಜೆ, ಅತ್ತಿಗೇ, ಅಗ್ರಿಮೆಂಟು ಮುಗಿಯಿತು, ಕೋಣೆ ಬೇಕು, ನಗುನಗುತ್ತಲೇ ಹೇಳುವವರು ಎಲ್ಲರೂ, ಮತ್ತೆ ಟೆಂಪೊ, ಮತ್ತೆ ಗಂಟುಮೂಟೆ, ಪ್ರತಿ ಸಲ ಏನಾದರೂ ಒಂದು ಹಿಂದೆ ಉಳಿಯುತ್ತಿತ್ತು, ಕಲ್ಯಾಣದಲ್ಲಿ ನನ್ನೆತ್ತರ ಬೆಳೆದ ಒಗ್ಗರಣೆಯ ಬೇವಿನಸೊಪ್ಪಿನ ಗಿಡ ಉಳಿಯಿತು, ಟೆಂಪೊದವನು ಮಣ್ಣಿನ ಡಬ್ಬ ಹತ್ತಿಸುವುದಿಲ್ಲ ಎಂದ, ನಾನು ಟೆಂಪೊದಲ್ಲಿ ಹಿಂದೆ ಕೂತು ಅದನ್ನೇ ನೋಡುತ್ತ ಬಂದೆ. ನನ್ನ ಗಂಡ ಶಂಭು ಮುಂದೆ ಕೂತು ಟೆಂಪೊದವನಿಗೆ ದಾರಿ ಹೇಳುತ್ತಿದ್ದರು, ಹೆಸರು ಹಿಡಿದು ಕರೆಯುವುದು ಮನಸ್ಸಿನಲ್ಲಿ ಮಾತ್ರ, ಬಾಯಲ್ಲಿ ಇವತ್ತಿಗೂ ಇವರು, ನೌಪಾಡಾದ ಹೋಟೆಲಿನ ಗಲ್ಲೆಯಲ್ಲಿ ದುಡ್ಡು ಎಣಿಸುತ್ತ ಕೂತೇ ಕೂದಲು ಬೆಳ್ಳಗಾದವರು, ಅವರ ಎದೆಗೆ ಬೈಪಾಸ್ ಆದಾಗ ಠಾಣೆಯ ಆಸ್ಪತ್ರೆಯ ಬೆಂಚಿನ ಮೇಲೆ ಕೂತು ಕೂತು ನಾನು ಉಗುರು ಕಚ್ಚುವುದನ್ನು ನೋಡಲಾರದೆ ಪೂಜಿತಾ ಈ ಗೇಮನ್ನು ಫೋನಿಗೆ ಹಾಕಿಕೊಟ್ಟಳು, ಕೋಟೆ ಕಟ್ಟುವುದು ಅಮ್ಮ, ಟೈಮ್ ಪಾಸ್ ಆಗ್ತದೆ ಎಂದಳು. ಒಂದು ಗುಡಿಸಲು ಕೊಟ್ಟರು, ಗುಂಡು ಹಾರಿಸುವ ಒಂದು ತೋಪು ಕೊಟ್ಟರು, ಸುತ್ತಲೂ ಹುಲ್ಲು, ಎಲ್ಲಿ ಬೇಕಾದರೂ ಕಟ್ಟಬಹುದು, ಯಾರನ್ನೂ ಕೇಳಬೇಕಿಲ್ಲ, ಬಾಗಿಲು ತಟ್ಟಿ ಖಾಲಿ ಮಾಡಿ ಎನ್ನುವವರಿಲ್ಲ. ಇವರು ಗುಣವಾಗಿ ಮನೆಗೆ ಬಂದರು, ನಾನು ಗೇಮು ಬಿಡಲಿಲ್ಲ, ಮತ್ತೆ ಹೋಟೆಲಿಗೆ ಹೋಗಲು ಶುರು ಮಾಡಿದವರು ಅಲ್ಲಿ ಗಿರಾಕಿಗಳಿಗೆ ಹೇಳುತ್ತಾರಂತೆ, ನನ್ನ ಮನೆಯವಳು ಕೋಟೆ ಕಟ್ಟಿದ್ದಾಳೆ ಮಾರಾಯ್ರೆ, ಒಬ್ಬನಿಗೂ ಒಳಗೆ ಹೋಗಲಿಕ್ಕೆ ಆಗುವುದಿಲ್ಲ.

ಸುಳ್ಳಲ್ಲ, ಆಗುವುದಿಲ್ಲ. ಹತ್ತಡಿ ಖೋಲಿಯಲ್ಲಿ ಅಡುಗೆ, ದೇವರು, ಮಲಗುವುದು, ಮಗುವಿನ ತೊಟ್ಟಿಲು ಎಲ್ಲ ಹೊಂದಿಸಿದ ಕೈ ಇದು, ಯಾವುದರ ಬೆನ್ನಿಗೆ ಯಾವುದನ್ನು ಇಟ್ಟರೆ ಯಾವುದು ಬೀಳುವುದಿಲ್ಲ ಎಂದು ಈ ಕೈಗೆ ಗೊತ್ತು, ಖಜಾನೆಯ ಸುತ್ತ ಗೋಡೆ, ಗೋಡೆಯ ಆಚೆ ಬಿಲ್ಲುಗಾರರ ಗೋಪುರ, ಅದರ ನೆರಳಿಗೆ ತೋಪು, ನಡುವೆ ಬೇಕೆಂದೇ ಬಿಟ್ಟ ಒಂದು ಓಣಿ, ದಾಳಿಗೆ ಬಂದವರು ಖುಷಿಯಿಂದ ಆ ಓಣಿಗೆ ನುಗ್ಗುತ್ತಾರೆ, ಅಲ್ಲಿಗೆ ಮುಗಿಯಿತು. ಠಾಣೆ ಕಿಲ್ಲೇದಾರ್ ಎಂದು ನಮ್ಮ ತಂಡದ ಹೆಸರು, ಕಲ್ಯಾಣದವರು, ಮುಂಬ್ರಾದವರು, ನೆರೂಳಿನವರು, ಮುಖ ಕಂಡವರಲ್ಲ ಒಬ್ಬರೂ, ಎಲ್ಲರೂ ಸೇರಿ ನನ್ನನ್ನು ಮುಖಂಡ ಮಾಡಿದರು, ಜೆ.ಎಲ್. ಪಾಂಗಾಳ ಎಂದು ನಾನು ಕೊಟ್ಟ ಹೆಸರು, ಜಯಲತಾ ಎಂಬ ನನ್ನ ಹೆಸರಿನ ಎರಡಕ್ಷರ ಮತ್ತು ನನ್ನ ತಾಯಿ ಮನೆಯ ಊರು, ಅವರು ಅದನ್ನು ಜೆಎಲ್ ಭಾವು ಮಾಡಿಕೊಂಡರು, ಇಷ್ಟು ಚೆನ್ನಾಗಿ ಯುದ್ಧದ ಪ್ಲಾನು ಹಾಕುವವನು ಅಣ್ಣನೇ ಇರಬೇಕು ಎಂದುಕೊಂಡರೋ ಏನೋ, ಯಾರೂ ಕೇಳಲಿಲ್ಲ, ನಾನೂ ಹೇಳಲಿಲ್ಲ, ಪ್ಲಾನು ಕೇಳಿದರೆ ಸಾಕಿತ್ತು ನನಗೆ. ಊರಿನ ಹೆಸರು ನೋಡಿ ಕನ್ನಡದಲ್ಲಿ ಮಾತಾಡಿಸಿದವನು ಹೃಷಿಕೇಶ್ ಒಬ್ಬನೇ, ಮೈಸೂರಿನವರ ಮಗ, ನೆರೂಳಿನಲ್ಲಿ ಮನೆ, ಬೇಲಾಪುರದಲ್ಲಿ ಬ್ಯಾಂಕಿನ ಕೆಲಸ, ಇಂಗ್ಲಿಷ್ ಅಕ್ಷರದಲ್ಲಿ ಕನ್ನಡ ಬರೆಯುತ್ತಾನೆ, ಸರ್, ಆ ಎಡಗಡೆ ಗೋಡೆ ಹಿಂದೆ ಏನೂ ಇಲ್ಲ ಅಂತ ನಿಮಗೆ ಹೆಂಗ್ ಗೊತ್ತಾಯ್ತು ಸರ್, ಪುಣೆಯ ತಂಡವನ್ನು ಸೋಲಿಸಿದ ದಿನ ಕೇಳಿದ್ದು, ನಾನು ಬರೆದೆ, ಖಾಲಿ ಡಬ್ಬವನ್ನೇ ಜನ ಮುಂದೆ ಇಡುವುದು, ತುಂಬಿದ್ದನ್ನು ಹಿಂದೆ. ಫೋನು ಬಿದ್ದ ಮೇಲೆ ಅವನೇ ದಾರಿ ಹೇಳಿದ್ದು, ಸರ್, ಸೆಟಿಂಗ್ಸ್‌ಗೆ ಹೋಗಿ, ಅಲ್ಲಿ ಬೇರೆ ಫೋನಿಗೆ ಸಾಗಿಸು ಅಂತ ಇದೆ, ಹಳೆ ಫೋನಲ್ಲಿ ಒಂದು ಕೋಡ್ ಬರತ್ತೆ, ಅದನ್ನ ಹೊಸದರಲ್ಲಿ ಹಾಕಿ, ಆಂಡ್ರಾಯ್ಡಿಂದ ಐಫೋನಿಗೂ ಹೋಗತ್ತೆ, ಎರಡು ನಿಮಿಷ ಮಾತ್ರ ಟೈಮ್ ಇರತ್ತೆ, ಬೇಗ ಮಾಡಿ ಸರ್, ಭಾನುವಾರ ವಾರ್ ಇದೆ. ಪೂಜಿತಾಳಿಗೆ ಅದನ್ನು ತೋರಿಸಿದೆ, ಅವಳು ಫೋನನ್ನು ಹಿಡಿದು ಬಲಗಡೆ ಒತ್ತಿ ಒತ್ತಿ ಸೋತು ಹೇಳಿದಳು, ಸೆಟಿಂಗ್ಸಿನ ಬಟನೇ ಸತ್ತ ಜಾಗದಲ್ಲಿದೆ ಅಮ್ಮ, ಛೋಡ್ ದೇ, ಬಿಟ್ಟುಬಿಡು.

ಹಲ್ಲಿನ ಚಕ್ರದ ಹಾಗಿರುವ ಪುಟ್ಟ ಗುರುತು, ಬಲಗಡೆ ಕೆಳಗೆ, ಕಣ್ಣಿಗೆ ಕಾಣುತ್ತದೆ, ಬೆರಳಿಗೆ ಸಿಗುವುದಿಲ್ಲ. ಸ್ಟೇಷನ್ ಹತ್ತಿರದ ರಿಪೇರಿ ಅಂಗಡಿಯವನು ಈ ಮಾಡೆಲಿನ ಗಾಜೇ ಈಗ ಬರುವುದಿಲ್ಲ ಎಂದುಬಿಟ್ಟ. ಬೆಳಗ್ಗಿನಿಂದ ಬೆರಳು ಒದ್ದೆ ಮಾಡಿ ಒತ್ತಿದೆ, ಒರಸಿ ಒತ್ತಿದೆ, ಪೆನ್ಸಿಲಿನ ಹಿಂಭಾಗದಿಂದ ಒತ್ತಿದೆ, ಇಲ್ಲ, ಹೋಗಲಿ ಎಂದು ಎದ್ದು ಒಳಗೆ ಬಟ್ಟೆ ಮಡಚಿಡಲು ಕಪಾಟು ತೆರೆದೆ, ಅದೇ ಹಸಿರು ಕಬ್ಬಿಣದ ಕಪಾಟು, ಸೊಂಟದಲ್ಲಿ ಉದ್ದಕ್ಕೆ ಗೀರು, ಕೈ ಆ ಗೀರಿನ ಮೇಲೆ ಹೋಯಿತು, ನೌಪಾಡಾದ ಮೆಟ್ಟಿಲು, ಹೋಟೆಲಿನ ಹಿಂದಿನ ಖೋಲಿಗೆ ಹತ್ತುವ ಆ ಇಕ್ಕಟ್ಟು ಮೆಟ್ಟಿಲು, ಆಗ ಕೂಸು ಪೂಜಿತಾ ನನ್ನ ಸೊಂಟದಲ್ಲಿ, ಟೆಂಪೊದವರು ಬೆವರು ಒರಸುತ್ತ ನಿಂತಿದ್ದಾರೆ, ನಹೀ ಜಾಯೇಗಾ ಸೇಠ್, ಹ್ಯಾಂಡಲ್ ಅಟಕ್ತಾ ಹೈ, ಕಪಾಟಿನ ಹಿಡಿಕೆ ಕಂಬಿಗೆ ಸಿಕ್ಕಿಕೊಳ್ಳುತ್ತದೆ, ಇವರು ತಲೆಗೆ ಕೈಯಿಟ್ಟುಕೊಂಡು, ಮಾರಿಬಿಡುವ ಜಯಾ, ಇಲ್ಲಿಯೇ ಯಾರಿಗಾದರೂ ಕೊಟ್ಟುಬಿಡುವ — ಅದು ನನ್ನ ಅಪ್ಪ ಕೊಟ್ಟ ಕಪಾಟು, ನಾನು ಆಗ ಬರುತ್ತಿದ್ದ ಅರ್ಧ ಹಿಂದಿಯಲ್ಲಿ ಹೇಳಿದೆ, ಉಲ್ಟಾ ಕರೋ, ತಲೆ ಕೆಳಗೆ ಮಾಡಿ, ಹ್ಯಾಂಡಲ್ ಆಚೆ ಕಡೆಗೆ ಬರ್ತದೆ, ಅವರು ನಕ್ಕರು, ನಗುತ್ತಲೇ ತಿರುಗಿಸಿದರು, ಕಬ್ಬಿಣ ಗೋಡೆಗೆ ತಾಗಿ ಕರ್ರೆಂದಿತು, ಹೋಯಿತು, ಮೇಲೆ ಹೋಗಿ ನಿಂತಿತು. ಉಲ್ಟಾ. ಬಟ್ಟೆ ಮಂಚದ ಮೇಲೆ ಹಾಕಿ ಓಡಿ ಬಂದೆ, ಈ ನೋಯುವ ಮಂಡಿಯಲ್ಲಿ ಓಡಿದೆ, ಹಳೆಯ ಫೋನನ್ನು ಅಡ್ಡ ಹಿಡಿದು ಪೂರ್ತಿ ತಿರುಗಿಸಿದೆ, ತಲೆ ಇದ್ದಲ್ಲಿಗೆ ಕಾಲು, ಒಂದು ಉಸಿರಿನಷ್ಟು ಹೊತ್ತು ಕೋಟೆಯೂ ತಲೆಕೆಳಗಾಗಿ ನಿಂತಿತು, ಆಮೇಲೆ ಚಿತ್ರ ತಾನೇ ಹೊರಳಿ ನೆಟ್ಟಗಾಯಿತು, ಸತ್ತ ಜಾಗ ಈಗ ಎಡಗಡೆ, ಚಕ್ರದ ಗುರುತು ಜೀವ ಇರುವ ಗಾಜಿನ ಮೇಲೆ. ಒತ್ತಿದೆ. ತೆರೆಯಿತು.

ಅವಸರ ಮಾಡಬಾರದು ಜಯಾ. ಹೊಸ ಫೋನಿನಲ್ಲಿ ಮೊದಲು ಗೇಮು ಹಾಕಿ ಪಾಠ ಮುಗಿಸಬೇಕು, ಕೆಂಪು ಕೂದಲಿನ ಹುಡುಗಿಯೊಬ್ಬಳು ಬಂದು ಬೆರಳು ತೋರಿಸಿ ಇದು ತೋಪು, ಇದನ್ನು ಇಲ್ಲಿಡಿ ಎಂದು ನನಗೆ ಕಲಿಸುತ್ತಾಳೆ, ಆಯ್ತಮ್ಮ, ಇಟ್ಟೆ, ಗುಡಿಸಲು ಕಟ್ಟಿದೆ, ಹುಲ್ಲಿನ ನಡುವೆ ಬಡ ಹಳ್ಳಿಯೊಂದು ಎದ್ದು ನಿಂತಿತು. ಈಗ ಹಳೆಯದರಲ್ಲಿ, ಬೇರೆ ಫೋನಿಗೆ ಸಾಗಿಸು, ಇದು ಹಳೆಯ ಫೋನು, ಹೌದು, ಹೋಗಬೇಕಾದದ್ದು ಆಪಲ್‌ಗೆ, ಹೌದು, ಕೋಡ್ ಬಂತು, ಅಕ್ಷರ ಅಂಕಿ ಕಲಸಿದ್ದು, ಕೆಳಗೆ ಗಡಿಯಾರ ಇಳಿಯುತ್ತಿದೆ, ಕನ್ನಡಕ ಮೂಗಿಗೆ ಒತ್ತಿ ಒಂದೊಂದೇ ಹಾಕಿದೆ, ತಪ್ಪು ಎಂದಿತು, ಮತ್ತೆ ಹಾಕಿದೆ, ತಪ್ಪು, ಯಾಕೆ, ಯಾಕೆ — ಸೊನ್ನೆಯಲ್ಲ, ಅದು ಓ, ಓ ಎನ್ನುವಷ್ಟರಲ್ಲಿ ಸಮಯ ಮುಗಿದು ಕೋಡ್ ಮಾಯ. ಕೂತೆ. ನೀರು ಕುಡಿದೆ. ಇನ್ನೊಂದು ಕೋಡ್ ಕೇಳಿದೆ, ಕೊಟ್ಟಿತು, ಈ ಸಲ ಬಾಯಿಬಿಟ್ಟು ಜೋರಾಗಿ ಓದಿಕೊಂಡು ಹಾಕಿದೆ, ಒಪ್ಪಿತು, ಆದರೆ ಕೆಂಪು ಅಕ್ಷರದಲ್ಲಿ ಎದುರಿಗೆ ಬಂದು ನಿಂತಿದೆ ಇಂಗ್ಲಿಷಿನಲ್ಲಿ, ಈ ಫೋನಿನಲ್ಲಿರುವ ಕೋಟೆ ಅಳಿದುಹೋಗುತ್ತದೆ, ಮತ್ತೆ ಸಿಗುವುದಿಲ್ಲ, ಒಪ್ಪಿಗೆಯಿದ್ದರೆ ಕನ್ಫರ್ಮ್ ಎಂದು ಬರೆಯಿರಿ. ಈ ಫೋನು ಎಂದರೆ ಯಾವ ಫೋನು. ಇವರಿಗೆ ಫೋನ್ ಮಾಡಲೇ, ಪೂಜಿತಾಳಿಗೆ ಮಾಡಲೇ, ಮಾಡಿದರೆ ಗಡಿಯಾರ ಕಾಯುತ್ತದೆಯೇ, ಮತ್ತೊಮ್ಮೆ ಓದು, ನಿಧಾನವಾಗಿ ಓದು, ಅಳಿಯುವ ಕೋಟೆ ಮೊದಲನೇ ಹಂತದ್ದು ಎಂದು ಬರೆದಿದೆ, ಅದು ಕೆಂಪು ಕೂದಲಿನವಳ ಗುಡಿಸಲು, ಬರುವ ಕೋಟೆ ಜೆ.ಎಲ್. ಪಾಂಗಾಳ, ಹಾಗಾದರೆ ಸರಿ, ಅಳಿಯಲಿ. ಬರೆಯುವ ಮೊದಲು ಹಳೆಯ ಫೋನಿನ ಕಡೆ ಒಮ್ಮೆ ನೋಡಿದೆ, ಬಿರುಕಿನ ಅಡಿಯಲ್ಲಿ ಬಡಗಣ ಗೋಡೆಯ ಹತ್ತಿರ ಕೆಲಸದವನೊಬ್ಬ ಸುತ್ತಿಗೆ ಹಿಡಿದು ಕಲ್ಲು ಬಡಿಯುತ್ತಿದ್ದ, ನಾನೇ ಹಚ್ಚಿದ ಕೆಲಸ, ಫೋನು ಬೀಳುವ ಮೊದಲು. ಸಿ, ಓ, ಎನ್, ಎಫ್, ಒಂದೊಂದೇ ಅಕ್ಷರ. ಒತ್ತಿದೆ.

ಹೊಸ ಫೋನಿನ ತುಂಬ ಮೋಡ, ಬಿಳಿ ಮೋಡ, ಹಳೆಯದರಲ್ಲಿ ಬರೀ ಕಪ್ಪು, ಎರಡರಲ್ಲೂ ಕೋಟೆ ಇಲ್ಲ, ಟೆಂಪೊ ದಾರಿಯಲ್ಲಿರುವ ಹೊತ್ತು ಇದು, ಆ ಮನೆಯೂ ಇಲ್ಲ ಈ ಮನೆಯೂ ಇಲ್ಲ, ಉಸಿರು ಬಿಡು ಜಯಾ — ಮೋಡ ಸರಿಯಿತು. ಬಂದಿದೆ. ಖಜಾನೆ ಬಂದಿದೆ, ಗೋಪುರ ಬಂದಿದೆ, ಓಣಿ ಬಂದಿದೆ, ಒಂದು ಕಲ್ಲು ಹಿಂದೆ ಉಳಿದಿಲ್ಲ, ಬೆರಳಿಟ್ಟು ಮೂಲೆ ಮೂಲೆ ಎಳೆದು ನೋಡಿದೆ, ಬಿರುಕಿಲ್ಲದ ಗಾಜಿನಲ್ಲಿ ಎಷ್ಟು ಚಂದ ಕಾಣುತ್ತದೆ ನಾನು ಕಟ್ಟಿದ್ದು, ನಾನೇ ಕಟ್ಟಿದ್ದು, ನಾನೇ ತಂದದ್ದು, ಒಬ್ಬಳೇ ತಂದದ್ದು. ಪಕ್ಕದಲ್ಲಿ ತಂಡದ ಮಾತು ಓಡುತ್ತಿದೆ, ಹೃಷಿಕೇಶ್, ಜೆಎಲ್ ಸರ್ ಆನ್‌ಲೈನ್ ಬಂದ್ರು ನೋಡ್ರೋ, ಸರ್, ದಾರಿ ಹೇಳಿದ ಮೇಲೆ ಎಲ್ಲಿ ಹೋಗ್ಬಿಟ್ರಿ ಇಷ್ಟು ದಿನ. ಬೆರಳು ತಾನಾಗಿ ಬರೆಯಿತು, ಸರ್ ಅಲ್ಲ, ಜಯಲತಾ, ಮನೆ ಶಿಫ್ಟ್ ಮಾಡ್ತಾ ಇದ್ದೆ. ಕಳಿಸಿದೆ. ಬರೆದದ್ದನ್ನು ವಾಪಸು ತೆಗೆಯಲು ಆಗುವುದಿಲ್ಲ, ತೆಗೆಯುವ ಮನಸ್ಸೂ ಇಲ್ಲ, ಪೂರ್ತಿ ಹೆಸರು ಬರೆದದ್ದು ಚೆನ್ನಾಗಿಯೇ ಕಾಣುತ್ತದೆ, ಆಮೇಲೆ ಹೃಷಿಕೇಶ್, ಮೇಡಂ, ಅಷ್ಟೇ ಬರೆದು ನಿಲ್ಲಿಸಿದ, ಮತ್ತೆ ಬರೆದ, ಮೇಡಂ, ಭಾನುವಾರ ಯಾರು ಮೊದಲು ಹೋಗ್ಬೇಕು ಹೇಳಿ, ಎಲ್ರೂ ಕಾಯ್ತಿದೀವಿ, ಅದರ ಕೆಳಗೆ ಮುಂಬ್ರಾದವನು, ಜೆಎಲ್ ತಾಈ, ಪ್ಲಾನ್ ಬೋಲೋ, ಅಣ್ಣ ಹೋಗಿ ಅಕ್ಕನಾದೆ. ಹೇಳುತ್ತೇನೆ, ಎಲ್ಲ ಹೇಳುತ್ತೇನೆ, ಒಂದು ನಿಮಿಷ ಇರಿ, ಬಡಗಣ ಗೋಡೆಯನ್ನು ಇನ್ನೂ ನೋಡಲಿಲ್ಲ, ಎಳೆದೆ, ಇದ್ದಾನೆ, ಆ ಫೋನಿನಲ್ಲಿ ಎತ್ತಿದ ಸುತ್ತಿಗೆಯನ್ನು ಈ ಫೋನಿನಲ್ಲಿ ಇಳಿಸುತ್ತಿದ್ದಾನೆ, ಅದೇ ಕಲ್ಲು, ಅದೇ ಬಗ್ಗಿದ ಬೆನ್ನು, ಮನೆ ಬದಲಾದದ್ದೇ ಅವನಿಗೆ ಗೊತ್ತಿಲ್ಲ, ಎತ್ತುತ್ತಾನೆ, ಬಡಿಯುತ್ತಾನೆ, ಎತ್ತುತ್ತಾನೆ, ಬಡಿಯುತ್ತಾನೆ, ಸುತ್ತಿಗೆ ಮೇಲೆ, ಸುತ್ತಿಗೆ ಕಲ್ಲಿನ ಮೇಲೆ.