ಉಪ್ಪು ಕೂರದ ಗುಂಡಿಗಳು

"ಆ ನಂಬರು ಗೊತ್ತಿರೋದು ಇಬ್ಬರಿಗೆ. ಒಬ್ಬ ನಾನು. ನಾನಂತೂ ಯಾರಿಗೂ ಹೇಳಿಲ್ಲ. ಇನ್ನೊಬ್ಬ ಯಾರು, ನೀನೇ ಹೇಳು."

ಚುಕ್ಕಾಣಿ ಕೋಣೆಯಲ್ಲಿ ಆಲ್ಪಿಯುಸ್‌ನ ದನಿ ಪಕ್ಕದ ದೋಣಿಗಳಿಗೂ ಕೇಳುವಷ್ಟು ಏರಿತ್ತು. ಎದುರಿಗೆ ಅವನ ಹೆಂಡತಿ ನೊರ್ಮಿಯ ತಮ್ಮ ಮೆಲ್ಕಿ ಕೈಯಲ್ಲಿದ್ದ ಬಲೆಯ ಗಂಟು ಬಿಡಿಸುತ್ತ ನಿಂತಿದ್ದ. ತಾಯಿ ಸತ್ತ ಮೇಲೆ ನೊರ್ಮಿಯೇ ಸಾಕಿದ ತಮ್ಮ. ಅವಳು ಮದುವೆಯಾಗಿ ಬರುವಾಗ ಸೆರಗು ಹಿಡಿದುಕೊಂಡೇ ಬಂದವನು. ಇವನನ್ನು ಕಳೆದುಕೊಂಡರೆ ಮನೆಯಲ್ಲಿ ಅವಳಿಗೆ ಮುಖ ತೋರಿಸಲಾಗದೆಂದು ಆಲ್ಪಿಯುಸ್‌ಗೆ ಗೊತ್ತಿರಲಿಲ್ಲವೆಂದಲ್ಲ. ಸಿಟ್ಟು ಅದಕ್ಕಿಂತ ಮುಂದೆ ಓಡುತ್ತಿತ್ತು.

ಬಿತುಂಗ್ ಬಂದರಿನ ಮೀನುಗಾರರು ನಡುಗಡಲಿನಲ್ಲಿ ಬಿದಿರಿನ ತೆಪ್ಪ ತೇಲಿಬಿಟ್ಟು, ಅದರಡಿ ತೆಂಗಿನ ಗರಿ ಇಳಿಬಿಡುತ್ತಾರೆ. ಆ ನೆರಳಿಗೆ ಮೀನು ಸೇರುತ್ತದೆ. ತೆಪ್ಪ ಎಲ್ಲಿದೆ ಎನ್ನುವುದೇ ಆಸ್ತಿ. ಆಲ್ಪಿಯುಸ್‌ನ ತೆಪ್ಪಗಳ ಜಾಗವೆಲ್ಲ ದಾರಿ ತೋರಿಸುವ ಜಿಪಿಎಸ್ ಪೆಟ್ಟಿಗೆಯೊಳಗಿತ್ತು. ನಾಲ್ಕಂಕಿಯ ಪಾಸ್‌ವರ್ಡ್ ಒತ್ತದೆ ಅದು ಬಾಯಿ ಬಿಡುತ್ತಿರಲಿಲ್ಲ. ಹಾಗಿದ್ದೂ ಈ ಸಲ ಒಂದೊಂದು ತೆಪ್ಪದ ಹತ್ತಿರವೂ ಬೇರೆಯವರ ಬಲೆಯ ಚೂರು ತೇಲುತ್ತಿತ್ತು. ಒಂದು ಮರಿಮೀನೂ ಉಳಿದಿರಲಿಲ್ಲ. ವಾಪಸು ಬಂದು ನೋಡಿದರೆ ಹಸಿರು ಬಣ್ಣದ ದೋಣಿಯವರು ಬುಟ್ಟಿಗಟ್ಟಲೆ ಮೀನು ಇಳಿಸುತ್ತಿದ್ದರು. ಆ ದೋಣಿಯವರ ಜೊತೆ ಮೆಲ್ಕಿ ಕಾಫಿ ಅಂಗಡಿಯಲ್ಲಿ ಕೂತಿದ್ದನ್ನು ಯಾರೋ ಬಂದು ಹೇಳಿದ್ದರು. ಅಷ್ಟು ಸಾಕಾಯಿತು.

"ಅವರ ಜೊತೆ ಕೂತು ಹಲ್ಲು ಕಿರೀತಿದ್ದೆಯಂತಲ್ಲ."

"ಕಾಫಿ ಕುಡಿದೆ ಭಾವ. ಅದಕ್ಕೂ ನಿಮ್ಮ ಅಪ್ಪಣೆ ಬೇಕಾ?"

"ಕಾಫಿಗೆ ಏನು ಕೊಟ್ಟೆ, ಅದನ್ನ ಹೇಳು."

ಮೆಲ್ಕಿ ಬಲೆ ಕೆಳಗಿಟ್ಟ. ಆ ತೆಪ್ಪಗಳಿಗೆ ಹಗ್ಗ ಕಟ್ಟಿದವನು ತಾನು, ಕದಿಯುವುದಿದ್ದರೆ ಯಾವತ್ತೋ ಕದಿಯಬಹುದಿತ್ತು ಎಂದ. ಆಲ್ಪಿಯುಸ್ ಅದನ್ನೂ ತಪ್ಪೊಪ್ಪಿಗೆ ಎಂದೇ ಹಿಡಿದ. ಈಗಲೇ ನಂಬರು ಬದಲಾಯಿಸುತ್ತೇನೆ, ಇನ್ನು ಮೇಲೆ ಅದು ನನ್ನೊಬ್ಬನಿಗೇ ಗೊತ್ತಿರಲಿ ಎಂದು ಪೆಟ್ಟಿಗೆಯ ಮುಂದೆ ಹೋಗಿ ನಿಂತ.

"ಆ ಕಡೆ ತಿರುಗು."

ಮೆಲ್ಕಿ ಒಂದು ಗಳಿಗೆ ಅವನನ್ನೇ ನೋಡಿದ. ಆಮೇಲೆ ಬಾಗಿಲ ಕಡೆ ಮುಖ ಮಾಡಿ ನಿಂತ.

ಆಲ್ಪಿಯುಸ್ ಬೆರಳೆತ್ತಿದವನು ಹಾಗೇ ಉಳಿದ. ದಿನವೂ ಒತ್ತುತ್ತಿದ್ದರೂ ಆ ಅಂಕಿಯ ಗುಂಡಿಗಳನ್ನು ಅವನು ಎಂದೂ ಗಮನವಿಟ್ಟು ನೋಡಿರಲಿಲ್ಲ. ಎಲ್ಲದರ ಮೇಲೂ ಕಡಲ ಉಪ್ಪು ಬೆಳ್ಳಗೆ ಗಟ್ಟಿಯಾಗಿತ್ತು. ಮೂರು ಮತ್ತು ಏಳು, ಇವೆರಡು ಮಾತ್ರ ಮೀನಿನ ಎಣ್ಣೆ ಹತ್ತಿ ಕಪ್ಪಗೆ ಹೊಳೆಯುತ್ತಿದ್ದವು. ದೋಣಿ ಕೊಂಡಂದಿನಿಂದ ಅದೇ ನಂಬರು. ಆ ಎರಡನ್ನೇ ಹಿಂದುಮುಂದು ಒತ್ತುತ್ತ ಹೋದರೆ ಒಂದು ಸಿಗರೇಟು ಮುಗಿಯುವಷ್ಟರಲ್ಲಿ ಯಾರಿಗಾದರೂ ಸಿಕ್ಕುತ್ತದೆ. ಬಂದರಿನಲ್ಲಿ ದೋಣಿಗಳು ಒಂದಕ್ಕೊಂದು ಒತ್ತಿಕೊಂಡೇ ನಿಲ್ಲುತ್ತವೆ. ದಡಕ್ಕೆ ಹೋಗುವವರೆಲ್ಲ ಇವನ ದೋಣಿಯನ್ನು ದಾಟಿಯೇ ಹೋಗಬೇಕು. ಬೆಂಕಿಪೊಟ್ಟಣ ಕೇಳಿಕೊಂಡು ಹಸಿರು ದೋಣಿಯವರು ಈ ಕೋಣೆಯೊಳಗೇ ಬಂದು ಹೋಗಿದ್ದರು.

ಮೆಲ್ಕಿಯನ್ನು ಕರೆದು ತೋರಿಸಬೇಕೆಂದು ನಾಲಿಗೆಯವರೆಗೂ ಬಂತು. ಆದರೆ ಪಕ್ಕದ ದೋಣಿಗಳಲ್ಲಿ ಜನ ಕಿವಿಗೊಟ್ಟು ಕೂತಿದ್ದರು. ಅವನು ಅಂಗಿಯ ತುದಿಯಿಂದ ಗುಂಡಿಗಳನ್ನೆಲ್ಲ ಒರೆಸಿದ, ಒಂದೂ ಬಿಡದೆ. ಹೊಸ ನಂಬರು ಒತ್ತಿದ.

"ಮುಗೀತಾ?" ಮೆಲ್ಕಿ ತಿರುಗದೆ ಕೇಳಿದ.

"ಮುಗೀತು."

ಮೆಲ್ಕಿ ಬಾಗಿಲಿನಿಂದ ಹೊರಗೆ ಕಾಲಿಟ್ಟ. ಪಕ್ಕದ ದೋಣಿಗೆ, ಅಲ್ಲಿಂದ ಆಚೆಯದಕ್ಕೆ ದಾಟುತ್ತ ಹೋದ. ಯಾರೋ ಏನೋ ಕೇಳಿದರು. ಅವನು ನಿಲ್ಲದೆ ನಡೆದ. ದಡದ ಜನರೊಳಗೆ ಅವನ ತಲೆ ಸ್ವಲ್ಪ ಹೊತ್ತು ಕಂಡು ಮರೆಯಾಯಿತು. ಸಿಟ್ಟಿಳಿದ ಮೇಲೆ ಬರುತ್ತಾನೆ ಎಂದುಕೊಂಡು ಆಲ್ಪಿಯುಸ್ ಎಂಜಿನ್ನಿನ ಕಡೆ ಹೋದ.

ಸಂಜೆಗೆ ದೋಣಿ ಹೊರಡಬೇಕಿತ್ತು. ನೊರ್ಮಿ ಬಾಳೆಲೆಯಲ್ಲಿ ಕಟ್ಟಿದ ಎರಡು ಅನ್ನದ ಪೊಟ್ಟಣ ತಂದಳು. ಒಂದನ್ನು ಗಂಡನಿಗೆ ಕೊಟ್ಟು ಸುತ್ತ ಕಣ್ಣಾಡಿಸಿದಳು.

"ಮೆಲ್ಕಿ ಎಲ್ಲಿ?"

"ಐಸ್ ತರಕ್ಕೆ ಹೋಗಿದಾನೆ," ಎಂದ ಆಲ್ಪಿಯುಸ್, ಎಂಜಿನ್ನಿನಿಂದ ತಲೆ ಎತ್ತದೆ.

ಅವಳು ಇನ್ನೊಂದು ಪೊಟ್ಟಣ ಹಿಡಿದು ಐಸಿನ ಅಂಗಡಿಯ ಕಡೆಗೇ ನೋಡುತ್ತ ನಿಂತಳು. ದೋಣಿಯಲ್ಲಿ ಆಗಲೇ ತುಂಬಿಟ್ಟಿದ್ದ ಐಸು ಕರಗಿ, ಹಲಗೆಯ ಸಂದಿನಿಂದ ಹರಿದು ಅವಳ ಪಾದ ತೋಯಿಸುತ್ತಿತ್ತು.