ಅಕ್ಕನ ಆರುನೂರು ಮಾತು

ಲಿಫ್ಟ್ ರಿಪೇರಿ ಮಾಡುವ ತಮ್ಮನದು ಸುಮ್ಮನೆ ಕೂರುವ ಕೈಯಲ್ಲ. ಮುಚ್ಚಳ ಕಂಡರೆ ಬಿಚ್ಚಬೇಕು. ಈ ಸಲ ಬಿಚ್ಚಲು ತಕ್ಕ ಕಾರಣವೂ ಇತ್ತೆನ್ನಿ. ಅಕ್ಕನ ಫೋನಿನ ಬ್ಯಾಟರಿ ಉಬ್ಬಿಕೊಂಡು, ಇವತ್ತೋ ನಾಳೆಯೋ ಎನ್ನುವ ಹಾಗಿತ್ತು.

ಅಕ್ಕನ ಗಂಟಲೇ ಆ ಫೋನಿನಲ್ಲಿತ್ತು. ಮೂರು ವರ್ಷದ ಹಿಂದೆ ಆಪರೇಷನ್ನಿನಲ್ಲಿ ಧ್ವನಿಪೆಟ್ಟಿಗೆ ತೆಗೆಯುವ ಮೊದಲು ಎರಡು ವಾರ ಕೂತು ಆರುನೂರು ಮಾತು ಒಂದು ಆ್ಯಪಿನಲ್ಲಿ ರೆಕಾರ್ಡ್ ಮಾಡಿಟ್ಟಿದ್ದಳು. "ಬಾಗಿಲು ಹಾಕ್ಕೊಂಡು ಹೋಗೋ", "ಅಯ್ಯೋ, ಹೋಗಲಿ ಬಿಡು", ಬೈಗುಳಕ್ಕೇ ಒಂದು ಪುಟ. ಬಟನ್ ಒತ್ತಿದರೆ ಅವಳದೇ ದನಿ, ಅವಳದೇ ಸಿಡುಕು. ಆ ಆ್ಯಪ್ ಮಾಡಿದವರು ಅಂಗಡಿ ಮುಚ್ಚಿಕೊಂಡು ಹೋಗಿದ್ದರು. ಮಾತುಗಳನ್ನು ಹೊರಗೆ ತೆಗೆಯಲು ಒಂದು ದಾರಿಯನ್ನೂ ಇಟ್ಟಿರಲಿಲ್ಲ, ಪುಣ್ಯಾತ್ಮರು.

ಆದರೆ ಆ ಫೋನು ಮೊದಲು ತಮ್ಮನದಾಗಿತ್ತು, ಅವನು ಎಂದೋ ಅದನ್ನು ರೂಟ್ ಮಾಡಿದ್ದ, ಅಂದರೆ ಕಂಪನಿಯ ಕಟ್ಟುಪಾಡು ಮುರಿದು ಪೂರ್ತಿ ಅಧಿಕಾರ ತೆಗೆದುಕೊಂಡಿದ್ದ. ಹಾಗಾಗಿ ಅದರೊಳಗಿನ ಯಾವ ಫೋಲ್ಡರಿಗೂ ಅವನ ಮುಂದೆ ಬೀಗವಿಲ್ಲ. ಭಾನುವಾರ ಬೆಳಿಗ್ಗೆ ಅಡುಗೆಮನೆಯ ಮೇಜಿನ ಮುಂದೆ ಕೂತು ಆ ಫೋನಿನಲ್ಲೇ ಕಮಾಂಡು ಹೊಡೆಯುವ ಟರ್ಮಿನಲ್ ತೆರೆದ, ರೂಟ್ ಅಧಿಕಾರದಲ್ಲಿ ಓಡುವ ಟೂಲ್‌ಗಳನ್ನು ಒಂದೊಂದಾಗಿ ಹಾಕಿದ. ಅದರಲ್ಲೊಂದು, ಎರಡು ಫೋಲ್ಡರುಗಳನ್ನು ಸಮ ಮಾಡುವುದು. ಮೊದಲು ಬರೆದ ಫೋಲ್ಡರಿನಲ್ಲಿ ಏನಿದೆಯೋ ಎರಡನೆಯದರಲ್ಲೂ ಅಷ್ಟೇ ಇರಬೇಕು. ಹೆಚ್ಚಿಗೆ ಇದ್ದದ್ದನ್ನು ಅಳಿಸಿಬಿಡುತ್ತದೆ.

"ಐದೇ ನಿಮಿಷ ಅಕ್ಕ. ನಿನ್ನ ಮಾತೆಲ್ಲ ಮೆಮೊರಿ ಕಾರ್ಡಿಗೆ, ಅಲ್ಲಿಂದ ಹೊಸ ಫೋನಿಗೆ."

ಅಕ್ಕ ಪ್ರೆಸ್ಸಿನಲ್ಲಿ ಇಪ್ಪತ್ತು ವರ್ಷ ಕರಡು ತಿದ್ದಿದವಳು. ಕಮಾಂಡು ಗಿಮಾಂಡು ಅವಳಿಗೆ ತಿಳಿಯದು, ಆದರೆ ತಮ್ಮನು ಪಕ್ಕದ ಚೀಟಿಯಲ್ಲಿ ಬರೆದುಕೊಂಡಿದ್ದಕ್ಕೂ ಪರದೆಯ ಮೇಲೆ ಹೊಡೆದದ್ದಕ್ಕೂ ತಾಳೆಯಿಲ್ಲ ಎನ್ನುವುದು ಕಂಡಿತು. ಪರದೆಯಲ್ಲಿ ಕಾರ್ಡಿನ ಖಾಲಿ ಫೋಲ್ಡರು ಮೊದಲು ಬಂದಿತ್ತು, ಅವಳ ಮಾತುಗಳದ್ದು ಆಮೇಲೆ. ಅವನ ಭುಜ ತಟ್ಟಿದಳು.

"ತಾಳಕ್ಕ, ಈಗ ಮಾತಾಡಿಸಬೇಡ."

ಮತ್ತೆ ತಟ್ಟಿದಳು. ಹೇಳೋಣವೆಂದರೆ ಫೋನು ಅವನ ಕೈಲಿ. ಮೂರನೇ ಸಲ ಅಂಗಿ ಹಿಡಿದು ಜಗ್ಗುವಷ್ಟರಲ್ಲಿ ಎಂಟರ್ ಒತ್ತಿಯಾಗಿತ್ತು. ಆತುರಗಾರನಿಗೆ ಬುದ್ಧಿ ಮಟ್ಟ ಅಂತ ಹಿರಿಯರು ಸುಮ್ಮನೆ ಹೇಳಿದರೇ? ಒಂದು ಫೋಟೊ ಅಳಿಸಲು ಹೋದರೂ ಫೋನು "ಖಂಡಿತವೇ?" ಅನ್ನುತ್ತದೆ. ರೂಟ್ ಆದವನನ್ನು ಅದು ಏನೂ ಕೇಳುವುದಿಲ್ಲ. ಹೇಳಿದ್ದನ್ನು ಮಾಡಿ ಸುಮ್ಮನಾಗುತ್ತದೆ.

ಎರಡೂ ಫೋಲ್ಡರುಗಳು ಸಮವಾದವು. ಎರಡೂ ಖಾಲಿ.

ತಮ್ಮ ಎರಡನ್ನೂ ಮತ್ತೆ ಮತ್ತೆ ತೆರೆದು ನೋಡಿದ. ಮೊಬೈಲ್ ರಿಪೇರಿಯ ಗೆಳೆಯನಿಗೆ ಫೋನು ಹಚ್ಚಿದ. ಅವನು ಎಲ್ಲ ಕೇಳಿಸಿಕೊಂಡು, "ಬ್ಯಾಕಪ್ ಇಲ್ವಾ?" ಅಂದ.

"ಅದನ್ನೇ ಮಾಡ್ತಿದ್ದೆ ಕಣೋ."

"ಆ ಫೋನಲ್ಲಿ ಅಳಿಸಿದ್ದು ವಾಪಸ್ ಬರಲ್ಲ ಮಾರಾಯ. ಸುಮ್ನೆ ಆಸೆ ಇಟ್ಕೋಬೇಡ."

ಆದರೂ ಸಂಜೆಯವರೆಗೆ ಸಿಕ್ಕಸಿಕ್ಕ ಟೂಲ್ ಹಾಕಿ ನೋಡಿದ. ಲಿಫ್ಟ್ ನಡುವೆ ನಿಂತರೆ ಮೋಟಾರಿನ ಚಕ್ರವನ್ನು ಕೈಯಿಂದ ತಿರುಗಿಸಿ ಇಳಿಸಬಹುದು. ಇಲ್ಲಿ ತಿರುಗಿಸಲು ಏನೂ ಇರಲಿಲ್ಲ. ಕೊನೆಗೆ ಕೈಚೆಲ್ಲಿ ಕೂತ. "ಅಕ್ಕ, ಬೈದುಬಿಡು," ಅಂದ. ಅಂದಮೇಲೆ, ಏನಂದೆ ಎಂದು ತಿಳಿದು ನಾಚಿಕೆಯಿಂದ ತಲೆತಗ್ಗಿಸಿದ.

ಅಕ್ಕ ಫೋನು ಎಳೆದುಕೊಂಡು ಟೈಪ್ ಮಾಡಿ ಬಟನ್ ಒತ್ತಿದಳು. ರೆಕಾರ್ಡಿಂಗ್ ಇಲ್ಲದಿದ್ದಾಗ ಆ್ಯಪು ತನ್ನದೇ ದನಿಯಲ್ಲಿ ಓದುತ್ತದೆ. ಯಾರೋ ಗೊತ್ತಿಲ್ಲದ ಹೆಂಗಸು ನಯವಾಗಿ, ಒಂದೊಂದೇ ಪದವನ್ನು ಬಿಡಿಸಿ ಹೇಳಿದಳು: "ಅಯ್ಯೋ. ಹೋಗಲಿ. ಬಿಡು."

ಅಕ್ಕ ಬೆಚ್ಚಿ ಸ್ಪೀಕರಿನ ಮೇಲೆ ಅಂಗೈ ಮುಚ್ಚಿದಳು.