ನರಕ್ಕೆ ಹೊಸ ಸುರುಳಿ ಸುತ್ತಲಾಗದು

ಮೋಟಾರಿನ ಹೊಟ್ಟೆ ಬಿಚ್ಚಿ, ಸುಟ್ಟ ತಂತಿ ಕಿತ್ತೆಸೆದು, ಹೊಸ ತಾಮ್ರದ ತಂತಿ ಸುತ್ತಿ ಕೂರಿಸುವುದು ಎಷ್ಟು ನಾಜೂಕಿನ ಕೆಲಸವೆಂದು ಮಾಡಿದವರಿಗೇ ಗೊತ್ತು. ಒಂದು ಬೀದಿಯ ಮೋಟಾರ್ ರಿಪೇರಿ ಅಂಗಡಿಯಲ್ಲಿ ಆ ಕೆಲಸ ಅಂಗಡಿಯವನ ಹೆಂಡತಿಯದು. ಅವಳ ಕೈಚಳಕ ಕಂಡ ಜನ ಅವಳಿಗೆ ಸುರುಳಿಯಕ್ಕ ಎಂದೇ ಹೆಸರಿಟ್ಟಿದ್ದರು. ಅಂಥವಳ ಬೆರಳಿಗೆ ಜೋಮು ಹಿಡಿಯಿತು.

ಕೆಲವು ದಿನ ಇದ್ದು ಹೋಯಿತು, ಮತ್ತೆ ಬಂತು. ಒಮ್ಮೆ ಒಂದು ಕಣ್ಣು ಮಸುಕಾಯಿತು, ಇನ್ನೊಮ್ಮೆ ಎಡಗಾಲು ಹೇಳಿದ ಮಾತು ಕೇಳಲಿಲ್ಲ. ಕರೆಂಟು ಹೊಡೆಸಿಕೊಂಡು ಹೀಗಾಗಿದೆ ಎಂದ ಗಂಡ. ಕೂತಲ್ಲೇ ಕೂತು ರಕ್ತ ಕಟ್ಟಿದೆ ಎಂದಳು ಅತ್ತೆ. ಕಡೆಗೆ ದೊಡ್ಡಾಸ್ಪತ್ರೆಯ ನರರೋಗದ ಡಾಕ್ಟರು ಸ್ಕ್ಯಾನ್ ಮಾಡಿಸಿ, ಇದು ಮಲ್ಟಿಪಲ್ ಸ್ಕ್ಲೆರೋಸಿಸ್, ಅಂದರೆ ಎಂ.ಎಸ್. ಎಂದರು. ಔಷಧಿ ಕೊಟ್ಟರು, ಇನ್ನೂ ಬಲವಾದ ಔಷಧಿಗೆ ಬದಲಿಸಿದರು. ಆದರೂ ಕಾಯಿಲೆ ಮತ್ತೆ ಮತ್ತೆ ಎರಗಿತು.

“ಸ್ಟೆಮ್ ಸೆಲ್ ಕಸಿ ಮಾಡಬಹುದಾ ನೋಡೋಣ,” ಎಂದರು ಡಾಕ್ಟರು.

ಗಂಡ ಹಿಡಿದುಕೊಂಡದ್ದು ಅಷ್ಟೇ ಮಾತನ್ನು. ದಿನವೂ ಹಳೆಯದು ಕಿತ್ತು ಹೊಸದು ಸುತ್ತುವುದನ್ನು ನೋಡುವವನಲ್ಲವೇ, ನರಕ್ಕೂ ಹಾಗೆಯೇ ಎಂದುಕೊಂಡ. ಪಕ್ಕದ ಮನೆಯ ನರ್ಸಕ್ಕ ಕೆಟ್ಟ ಫ್ಯಾನ್ ತಂದಾಗ ಅವನ ಮುಖ ಅರಳಿತ್ತು.

“ನರ್ಸಕ್ಕ, ಇನ್ನು ಚಿಂತೆ ಇಲ್ಲ. ಮಾರ್ಕೆಟ್ ಹತ್ರ ಒಂದು ಕ್ಲಿನಿಕ್ ಇದೆ. ಬೆನ್ನಿಗೆ ಒಂದು ಸ್ಟೆಮ್ ಸೆಲ್ ಸೂಜಿ, ಸಂಜೆಗೆ ಮನೆ. ಹೊಸ ನರಾನೇ ಬಂದುಬಿಡುತ್ತಂತೆ! ನಾಳೆನೇ ಕರ್ಕೊಂಡು ಹೋಗ್ತೀನಿ.”

“ಇನ್ನು ಯಾವ ಯಾವ ಕಾಯಿಲೆಗೆ ಹಾಕ್ತಾರಂತೆ ಅಣ್ಣ, ಆ ಸೂಜಿ?”

“ಎಲ್ಲದಕ್ಕೂ! ಲಕ್ವ, ಮಂಡಿನೋವು, ಮರೆವು... ಬೋರ್ಡೇ ಹಾಕಿದಾರೆ.”

“ಮಿಕ್ಸಿಗೂ ಪಂಪಿಗೂ ಲಿಫ್ಟಿಗೂ ಒಂದೇ ಸುರುಳಿ ಹಾಕ್ತೀನಿ, ಬಿಚ್ಚಿ ನೋಡೋದೇ ಬೇಡ ಅಂತ ಒಬ್ಬ ಬಂದ್ರೆ?”

“ಅಂಗಡಿ ಮೆಟ್ಟಿಲು ಹತ್ತಿಸಲ್ಲ!” ಎಂದವನು ತಟ್ಟನೆ ನಾಲಿಗೆ ಕಚ್ಚಿಕೊಂಡ.

“ನಿಮ್ಮ ಬಾಯಲ್ಲೇ ಬಂತಲ್ಲ ರೀ,” ಎಂದು ಮೇಜಿನ ಬಳಿ ಕೂತಿದ್ದ ಸುರುಳಿಯಕ್ಕ ನಕ್ಕಳು.

ನರ್ಸಕ್ಕ ಸ್ಟೂಲು ಎಳೆದುಕೊಂಡು ಕೂತಳು. “ತಂತಿ ಮೇಲೆ ಎನಾಮಲ್ ಇರುತ್ತಲ್ಲ, ನರದ ಮೇಲೂ ಹಾಗೇ ಒಂದು ಹೊದಿಕೆ ಇದೆ. ನಮ್ಮನ್ನ ಕಾಯಬೇಕಾದ ರೋಗನಿರೋಧಕ ಶಕ್ತಿ ದಾರಿ ತಪ್ಪಿ ಅದನ್ನೇ ಕೆರೆಯುತ್ತೆ. ಆಸ್ಪತ್ರೇಲಿ ಮಾಡೋ ಕಸಿ ಹೊಸ ನರ ಕಟ್ಟಲ್ಲ ಅಣ್ಣ, ಆ ಕೆರೆಯೋದನ್ನ ನಿಲ್ಲಿಸೋಕೆ ನೋಡುತ್ತೆ. ರಕ್ತದ ಕಣಗಳಿಗೆಲ್ಲ ಮೂಲವಾದ ಜೀವಕೋಶ ಇರುತ್ತೆ, ಅದೇ ಈ ಸ್ಟೆಮ್ ಸೆಲ್. ಇವಳದನ್ನೇ ತೆಗೆದು ಕಾಪಿಡ್ತಾರೆ. ಆಮೇಲೆ ಕ್ಯಾನ್ಸರಿಗೆ ಕೊಡೋ ಅಂಥ ಬಲವಾದ ಕೀಮೋ ಔಷಧಿ ಕೊಟ್ಟು ದಾರಿ ತಪ್ಪಿದ ಕಾವಲನ್ನ ಅಳಿಸ್ತಾರೆ. ತೆಗೆದಿಟ್ಟಿದ್ದನ್ನ ವಾಪಸ್ ಮೈಗೆ ಬಿಟ್ರೆ, ಕಾವಲು ಮೊದಲಿಂದ ಬೆಳೆಯುತ್ತೆ.”

“ಹಾಗಾದ್ರೆ ಈಗಾಗಲೇ ಸುಟ್ಟಿರೋದು?” ಗಂಡನ ದನಿ ಇಳಿಯಿತು.

“ಸ್ವಲ್ಪ ಚೇತರಿಸಿಕೊಳ್ಳಬಹುದು. ಎಲ್ಲ ಬರುತ್ತೆ ಅಂತ ಮಾತು ಕೊಡೋಕಾಗಲ್ಲ. ಅದಕ್ಕೇ ತಡ ಮಾಡಬಾರದು. ಎಂ.ಎಸ್. ಇರೋರಿಗೆಲ್ಲ ಈ ಕಸಿ ಒಗ್ಗಲ್ಲ, ಪರೀಕ್ಷೆ ಮಾಡಿ ಡಾಕ್ಟರೇ ಹೇಳ್ತಾರೆ.”

ಬಾಗಿಲಲ್ಲಿ ನಿಂತಿದ್ದ ಅತ್ತೆಗೆ ತಡೆಯಲಾಗಲಿಲ್ಲ. “ಬೇಡಮ್ಮ ಬೇಡ. ಕೂದಲು ಉದುರುತ್ತೆ, ಸೋಂಕು ತಗಲುತ್ತೆ ಅಂತಾರೆ. ಜೀವಕ್ಕೇ ಸಂಚಕಾರ ಬಂದ್ರೆ?”

“ಬರಬಹುದು ಅಮ್ಮ,” ಎಂದಳು ನರ್ಸಕ್ಕ, ಮುಚ್ಚಿಡದೆ. “ಅಪರೂಪ, ಆದ್ರೂ ಇಲ್ಲ ಅನ್ನೋ ಹಾಗಿಲ್ಲ. ಮುಂದೆ ಮಗು ಬೇಕು ಅಂದ್ರೂ ಕಷ್ಟ ಆಗಬಹುದು, ಅದನ್ನೂ ಮೊದಲೇ ಕೇಳಿಕೊಳ್ಳಬೇಕು. ಇದನ್ನೆಲ್ಲ ನಿಮ್ಮೆದುರು ಹೇಳೋ ಡಾಕ್ಟರ ಹತ್ರ ಹೋಗಿ. ಅಪಾಯವೇ ಇಲ್ಲ ಅನ್ನೋರ ಹತ್ರ ಬೇಡ.”

“ದೇವರೇ ದಾರಿ ತೋರಿಸಲಿ,” ಅತ್ತೆ ಕೈ ಮುಗಿದಳು.

ಸುರುಳಿಯಕ್ಕ ಮೇಜು ಹಿಡಿದು ಎದ್ದು ನಿಂತಳು. “ತೋರಿಸಿ ಆಯ್ತು ಅತ್ತೆ. ನಡೀಬೇಕಾಗಿರೋದು ನಾನು. ಕಾಲಲ್ಲಿ ಶಕ್ತಿ ಇರುವಾಗಲೇ ನಡೀತೀನಿ. ರೀ, ನಾಳೆ ದೊಡ್ಡಾಸ್ಪತ್ರೆಗೆ. ಆ ಸೂಜಿಯವನ ಹತ್ರ ಅಲ್ಲ.”

ಪರೀಕ್ಷೆಗಳಾದವು. ಕಸಿ ಮಾಡಬಹುದು ಎಂದರು. ಆಮೇಲಿನ ದಿನಗಳು ಹಗುರವಾಗಿರಲಿಲ್ಲ. ಕೂದಲು ಉದುರಿತು, ಜ್ವರ ಏರಿತು, ಚಮಚ ಎತ್ತಲೂ ತ್ರಾಣವಿಲ್ಲದ ದಿನಗಳಿದ್ದವು. ಸೋಂಕಿನ ಭಯಕ್ಕೆ ಯಾರನ್ನೂ ಒಳಗೆ ಬಿಡದಿದ್ದಾಗ ಅತ್ತೆ ಫೋನಿನಲ್ಲೇ ಗದರಿಸಿ ಗದರಿಸಿ ಸೊಸೆಗೆ ತಿನ್ನಿಸಿದಳು.

ಈಗ ಸುರುಳಿಯಕ್ಕ ಮನೆಯಲ್ಲಿದ್ದಾಳೆ. ಎಡಗಾಲು ಇನ್ನೂ ಸ್ವಲ್ಪ ಎಳೆಯುತ್ತದೆ. ಆದರೆ ಕಾಯಿಲೆ ಮತ್ತೆ ಎರಗಿಲ್ಲ, ಸ್ಕ್ಯಾನಿನಲ್ಲಿ ನರದ ಹೊದಿಕೆ ಕೆರೆದ ಹೊಸ ಕಲೆ ಕಂಡಿಲ್ಲ. ತಪಾಸಣೆ ಮಾತ್ರ ನಡೆದೇ ಇದೆ. ಗಂಡ ಸುತ್ತಿದ ಸುರುಳಿ ನೋಡಿ, “ಇದಕ್ಕಿಂತ ನನ್ನ ಜೋಮು ಹಿಡಿದ ಕೈಯೇ ವಾಸಿ,” ಎಂದು ಹಂಗಿಸುತ್ತಾಳೆ. ಅತ್ತೆಯಂತೂ ಆ ಕ್ಲಿನಿಕ್ಕಿಗೆ ಹೊರಟವರು ಯಾರೇ ಸಿಗಲಿ, ಬೀದಿಯಲ್ಲೇ ನಿಲ್ಲಿಸಿಕೊಂಡು ಅಪಾಯ ಏನೆಂದು ಕೇಳಿದಿರಾ ಎಂದು ವಿಚಾರಿಸದೆ ಬಿಡುವುದಿಲ್ಲ.

ಇದನ್ನು ಓದುವ, ಕೇಳುವ ತಾಯಂದಿರೇ, ಅಣ್ಣತಮ್ಮಂದಿರೇ, ಸ್ಟೆಮ್ ಸೆಲ್ ಕಸಿ ಎಲ್ಲರಿಗೂ ಅಲ್ಲ, ಎಲ್ಲ ಕಾಯಿಲೆಗೂ ಅಲ್ಲ. ಎಂ.ಎಸ್. ಮತ್ತು ಮೈ ತನ್ನನ್ನೇ ತಿನ್ನುವ ಇನ್ನು ಕೆಲವು ಕಾಯಿಲೆಗಳಲ್ಲಿ, ಆಯ್ದ ರೋಗಿಗಳಿಗೆ ಅದು ನೆರವಾಗುತ್ತದೆ. ಬಹಳಷ್ಟು ನರರೋಗಗಳಿಗೆ ಅದು ಇನ್ನೂ ಸಂಶೋಧನೆಯಲ್ಲೇ ಇದೆ. ನಡೆಯುತ್ತಿರುವ ಔಷಧಿಯನ್ನು ನೀವಾಗಿ ನಿಲ್ಲಿಸಬೇಡಿ. ದೇವರನ್ನು ಬೇಡಿಕೊಳ್ಳಿ, ಡಾಕ್ಟರನ್ನೂ ಕೇಳಿ: ನನ್ನ ಕಾಯಿಲೆಗೆ ಇದು ಕೆಲಸ ಮಾಡುತ್ತದೆಂದು ರುಜುವಾತಾಗಿದೆಯೇ? ಅಪಾಯವೇನು? ನಿಮ್ಮ ಮನೆಯಲ್ಲಿ ಯಾರಿಗಾದರೂ ಜೋಮು, ಕಣ್ಣು ಮಸುಕು, ಕಾಲು ಸೋಲುವುದು ಬಂದು ಬಂದು ಹೋಗುತ್ತಿದ್ದರೆ, ತಾನಾಗಿ ಸರಿಹೋಗಲಿ ಎಂದು ಕಾಯಬೇಡಿ. ನರರೋಗದ ಡಾಕ್ಟರಿಗೆ ಬೇಗ ತೋರಿಸಿ.